ಒಬ್ಬೊಬ್ಬರಿಗೊಂದು ಹಾಲುಬಟ್ಟಲು

ತಿಂಡಿಯನ್ನು ಹಾಲಿನಲ್ಲಿ ನೆನೆಸಿ ತಿನ್ನುವುದು ನಮ್ಮ ನಾಡಿಗೆ ಹೊಸದೇನಲ್ಲ. ಮದುವೆ ಊಟದಲ್ಲಿ ಎಲೆಗೆ ಚಿರೋಟಿ ಬಂದರೆ ಹಿಂದೆಯೇ ಸಕ್ಕರೆ ಪುಡಿ ಬರುತ್ತದೆ, ಅದರ ಹಿಂದೆ ಬಾದಾಮಿ ಹಾಲಿನ ಜಗ್ಗು ಬರುತ್ತದೆ. ಹಳೇ ಮೈಸೂರಿನ ಕಡೆ ಕರಿದ ಪೂರಿಯನ್ನು ಗಸಗಸೆ, ತೆಂಗಿನಕಾಯಿ ರುಬ್ಬಿ ಹಾಕಿದ ಹಾಲಿನಲ್ಲಿ ನೆನೆಸಿ ಹಾಲು ಹೋಳಿಗೆ ಮಾಡುತ್ತಾರೆ. ನಮ್ಮ ಮಲೆನಾಡಿನಲ್ಲಿ ಒತ್ತು ಶ್ಯಾವಿಗೆಗೆ ಬೆಲ್ಲದ ಕಾಯಿಹಾಲು ಇರಲೇಬೇಕು. ಸಾಗರ, ಸಿರ್ಸಿ ಕಡೆಯ ತೊಡೆದೇವು ಕಾಗದದಷ್ಟು ತೆಳ್ಳಗಿರುತ್ತದೆ. ಅದಕ್ಕೂ ಹಾಲು, ತುಪ್ಪ ಬಿದ್ದರೇ ರುಚಿ. ಇವೆಲ್ಲಕ್ಕಿಂತ ಸುಲಭದ್ದು ಇನ್ನೊಂದಿದೆ. ಜ್ವರ ಬಂದ ಮಗುವಿಗೆ ಬಿಸಿ ಹಾಲಿನಲ್ಲಿ ಬನ್ನು ಅದ್ದಿ ಕೊಡುವುದು. ಅದನ್ನು ತಿನ್ನದೆ ದೊಡ್ಡವರಾದವರು ನಮ್ಮ ಪೀಳಿಗೆಯಲ್ಲಿ ಕಡಿಮೆ.

ಈಗ ಬೇಕರಿಗಳ ಗಾಜಿನ ಪೆಟ್ಟಿಗೆಯಲ್ಲಿ ಈ ಮನೆತನದ ಹೊಸ ಸದಸ್ಯ ಬಂದು ಕೂತಿದೆ. ಸಣ್ಣ ಡಬ್ಬಿ, ಒಳಗೆ ಹಾಲು ಕುಡಿದು ಉಬ್ಬಿದ ಮೆತ್ತನೆಯ ಕೇಕು, ಮೇಲೆ ಕೆನೆ. ಹೆಸರು ‘ತ್ರೆಸ್ ಲೆಚೆಸ್’. ಮಕ್ಕಳು ಈ ಹೆಸರನ್ನು ಸಲೀಸಾಗಿ ಹೇಳುತ್ತಾರೆ, ನನ್ನಂಥವರಿಗೆ ನಾಲಿಗೆ ಸ್ವಲ್ಪ ತೊಡರುತ್ತದೆ. ಆದರೆ ಮಾಡುವುದು ಹೆಸರಿನಷ್ಟು ಕಷ್ಟವಲ್ಲ. ಒಲೆ ಇದೆ, ಇಡ್ಲಿ ಪಾತ್ರೆ ಇದೆ, ಎಂಟು ಸ್ಟೀಲ್ ಬಟ್ಟಲು ಇವೆ ಎಂದರೆ ಸಾಕು. ಓವನ್ ಬೇಡ, ಮೊಟ್ಟೆಯೂ ಬೇಡ. ಶಿವಮೊಗ್ಗದ ರಾಗಿಗುಡ್ಡದ ನಮ್ಮ ಮನೆಯಲ್ಲಿ ನಾವು ಇದನ್ನು ‘ಹಾಲುಬಟ್ಟಲು’ ಎಂದು ಕರೆಯುತ್ತೇವೆ. (ರಾಗಿಗುಡ್ಡ ಎಂದರೆ ಬೆಂಗಳೂರಿನ ಜಯನಗರದ್ದು ಎಂದುಕೊಳ್ಳುವವರು ಬಹಳ. ನಮ್ಮ ಊರಲ್ಲೂ ಒಂದು ರಾಗಿಗುಡ್ಡ ಇದೆ ಎಂಬುದು ನೆನಪಿರಲಿ.)

ಮೂರು ಹಾಲಿನ ಕಥೆ

‘ತ್ರೆಸ್ ಲೆಚೆಸ್’ ಸ್ಪ್ಯಾನಿಷ್ ಮಾತು. ತ್ರೆಸ್ ಎಂದರೆ ಮೂರು, ಲೆಚೆ ಎಂದರೆ ಹಾಲು. ಮೆಕ್ಸಿಕೊ, ನಿಕರಾಗುವಾ ಮೊದಲಾದ ದೇಶಗಳಲ್ಲಿ ಹುಟ್ಟುಹಬ್ಬ, ಮದುವೆಗಳಿಗೆ ಇದು ಇರಲೇಬೇಕು. ಆ ಮೂರು ಹಾಲು ಯಾವುವು? ನೀರಿನಂಶ ಇಂಗಿಸಿ ಡಬ್ಬಿಯಲ್ಲಿ ತುಂಬಿದ ಸಪ್ಪೆ ಹಾಲು ಒಂದು. ಸಕ್ಕರೆ ಸೇರಿಸಿ ಇಂಗಿಸಿದ ಮಂದ ಹಾಲು, ಅಂದರೆ ನಾವು ಕಂಡೆನ್ಸ್‌ಡ್ ಮಿಲ್ಕ್ ಎನ್ನುವುದು, ಎರಡನೆಯದು. ಮೂರನೆಯದು ಕೆನೆ.

ಹಾಲನ್ನು ಹೀಗೆ ಇಂಗಿಸುವುದೇಕೆ? ಹಸುವಿನ ಹಾಲಿನಲ್ಲಿ ನೂರಕ್ಕೆ ಸುಮಾರು 87 ಪಾಲು ನೀರೇ. ಹಾಲು ಬೇಗ ಕೆಡುತ್ತದೆ, ಸಾಗಿಸುವುದೂ ಕಷ್ಟ. ಫ್ರಿಜ್ ಇಲ್ಲದ ಕಾಲದಲ್ಲಿ ಅಮೆರಿಕದ ಗೇಲ್ ಬೋರ್ಡನ್ ಎಂಬಾತ ಹಾಲಿನ ನೀರನ್ನು ತೆಗೆದು ಅದನ್ನು ಬಹುಕಾಲ ಕಾಪಾಡುವ ವಿಧಾನಕ್ಕೆ 1856ರಲ್ಲಿ ಪೇಟೆಂಟ್ ಪಡೆದ. ಮುಂದೆ ಅಲ್ಲಿನ ಅಂತರ್ಯುದ್ಧದ ಕಾಲದಲ್ಲಿ ಸೈನಿಕರಿಗೆ ಈ ಡಬ್ಬಿ ಹಾಲು ಹೋಯಿತು. ಆಮೇಲೆ ಅದು ಬಿಸಿಲ ದೇಶಗಳ ಅಡುಗೆ ಮನೆಗಳಿಗೂ ಬಂತು. ಅಲ್ಲಿನ ಗೃಹಿಣಿಯರು ಅದನ್ನು ಕೇಕಿನ ಮೇಲೆ ಸುರಿದರು.

ಮಕ್ಕಳೇ, ನೀರು ತೆಗೆದ ಹಾಲು ನಿಮಗೂ ಪರಿಚಯವೇ. ನಮ್ಮ ರಾಜ್ಯದಲ್ಲಿ 2013ರ ಆಗಸ್ಟ್ 1ರಂದು ಕ್ಷೀರಭಾಗ್ಯ ಯೋಜನೆ ಶುರುವಾಯಿತು. ಶಾಲೆಯಲ್ಲಿ ಕೊಡುವ ಆ ಹಾಲು ಪುಡಿಯಿಂದ ಮಾಡಿದ್ದು. 18 ಗ್ರಾಂ ಪುಡಿಗೆ ಬಿಸಿನೀರು ಬೆರೆಸಿದರೆ ಒಬ್ಬ ವಿದ್ಯಾರ್ಥಿಗೆ 150 ಮಿಲಿ ಲೀಟರ್ ಹಾಲು. ಪುಡಿಯಲ್ಲಿ ಹೆಚ್ಚುಕಡಿಮೆ ಎಲ್ಲ ನೀರೂ ಹೋಗಿದೆ. ನಮ್ಮ ಅಡುಗೆಗೆ ಅಷ್ಟು ಬೇಡ, ಸ್ವಲ್ಪ ನೀರು ಹೋದರೆ ಸಾಕು. ಅದನ್ನು ಒಲೆಯ ಮೇಲೆ ನಾವೇ ಮಾಡಬಹುದು. ಭದ್ರಾವತಿಯ ಬಸ್ಸು ಹತ್ತಿದವರಿಗೆ ದಾರಿಯಲ್ಲಿ ಮಾಚೇನಹಳ್ಳಿಯ ಡೇರಿ ಗೊತ್ತಿರುತ್ತದೆ. ಶಿವಮೊಗ್ಗ, ದಾವಣಗೆರೆ, ಚಿತ್ರದುರ್ಗ ಈ ಮೂರು ಜಿಲ್ಲೆಗಳ ಹಾಲು ಒಕ್ಕೂಟ ‘ಶಿಮುಲ್’ನದು ಅದು. ಅಲ್ಲಿಂದ ಬರುವ ನಂದಿನಿ ಪ್ಯಾಕೆಟ್ಟೇ ನಮ್ಮ ಮನೆಯ ಮೂರು ಹಾಲಿಗೂ ತಾಯಿಬೇರು.

ಬಟ್ಟಲು ಬೇರೆ ಬೇರೆ ಆದದ್ದು ಯಾಕೆ?

ನನ್ನ ಅಕ್ಕನಿಗೆ ಈಗ ಎಂಬತ್ತೆರಡು. ಭಾವ ಭದ್ರಾವತಿಯ ಉಕ್ಕಿನ ಕಾರ್ಖಾನೆಯಲ್ಲಿದ್ದರು. ಅವರು ಹೋದ ಮೇಲೂ ಬಹಳ ವರ್ಷ ಅಕ್ಕ ಅಲ್ಲೇ ಒಬ್ಬಳೇ ಇದ್ದಳು. ಎರಡು ವರ್ಷದ ಹಿಂದೆ ನಮ್ಮ ಮನೆಗೆ ಕರೆದುಕೊಂಡು ಬಂದೆವು. ಬರುವಾಗ ಎರಡು ಸೂಟ್‌ಕೇಸು, ಒಂದು ತುಳಸಿ ಕುಂಡ ಮತ್ತು ಹೊಸದಾಗಿ ಕಟ್ಟಿಸಿಕೊಂಡ ಹಲ್ಲಿನ ಸೆಟ್ಟು ತಂದಿದ್ದಳು.

ಹಲ್ಲಿನ ಸೆಟ್ಟು ಹಾಕಿಕೊಂಡವರಿಗೆ ಅದರ ಪಾಡು ಗೊತ್ತು. ವಸಡು ಕರಗುತ್ತಾ ಹೋದಂತೆ ಸೆಟ್ಟು ಸಡಿಲವಾಗುತ್ತದೆ. ಗಟ್ಟಿ ಪದಾರ್ಥ ಕಚ್ಚಿದರೆ ಅಲ್ಲಾಡುತ್ತದೆ. ಗೋಡಂಬಿಯ ಚೂರೋ ಗಸಗಸೆಯ ಕಾಳೋ ಅಡಿಗೆ ಸಿಕ್ಕಿದರೆ ಮುಳ್ಳು ಚುಚ್ಚಿದಂತಾಗುತ್ತದೆ. ನಾಲ್ಕು ಜನರ ನಡುವೆ ತೆಗೆದು ತೊಳೆಯಲು ಸಂಕೋಚ. ಹಾಗಾಗಿ ಅಕ್ಕ ಒಂದು ಮಾತು ರೂಢಿ ಮಾಡಿಕೊಂಡಳು: “ನಂಗೆ ಬೇಡ ಕಣೇ, ನೀವು ತಿನ್ನಿ.” ಹೋಳಿಗೆಗೂ ಬೇಡ, ಚಕ್ಕುಲಿಗೂ ಬೇಡ, ಮಕ್ಕಳ ಹುಟ್ಟುಹಬ್ಬದ ಕೇಕಿಗೂ ಬೇಡ. ಕೇಕಿನಲ್ಲಿ ಮೊಟ್ಟೆ ಇರುತ್ತದೆ ಎಂಬುದು ಇನ್ನೊಂದು ಕಾರಣ. ನಾವೆಲ್ಲ ನಡುಮನೆಯಲ್ಲಿ ತಿನ್ನುತ್ತಿದ್ದರೆ ಅವಳು ಅಡುಗೆ ಮನೆಯಲ್ಲಿ ಗಂಜಿಯೋ ಹಾಲನ್ನವೋ ಉಂಡು ತಟ್ಟೆ ತೊಳೆದಿಟ್ಟು ಬರುತ್ತಿದ್ದಳು.

ಅದನ್ನು ಗಮನಿಸಿದ್ದು ಏಳನೇ ತರಗತಿಯ ಮೊಮ್ಮಗಳು. ಒಂದು ದಿನ ನೇರವಾಗಿ ಕೇಳಿಬಿಟ್ಟಳು: “ದೊಡ್ಡಜ್ಜಿ, ನಿಮಗೆ ನಿಜವಾಗ್ಲೂ ಬೇಡ್ವಾ, ಅಥವಾ ಆಗಲ್ವಾ?”

ಅಕ್ಕ ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ ಹೇಳಿದಳು: “ಬೇಕು ಅಂತ ಇರತ್ತೆ ಕಣೇ. ಬಾಯಿ ಒಪ್ಪಲ್ಲ.”

ಆ ಮಾತಿನ ಮೇಲೆ ನಮ್ಮ ಮನೆಯಲ್ಲಿ ಹುಡುಕಾಟ ಶುರುವಾಯಿತು. ಅಗಿಯಬೇಕಾಗಿಲ್ಲದ, ಮೊಟ್ಟೆ ಇಲ್ಲದ, ಮಕ್ಕಳಿಗೂ ಕೇಕು ಎನ್ನಿಸುವ ತಿಂಡಿ ಯಾವುದು? ಜೊತೆಗೆ ನನಗೂ ನಮ್ಮ ಮನೆಯವಳಿಗೂ ಸಕ್ಕರೆ ಕಾಯಿಲೆ. ಒಂದೇ ದೊಡ್ಡ ಕೇಕು ಮಾಡಿ ಕತ್ತರಿಸಿದರೆ ಎಲ್ಲರಿಗೂ ಒಂದೇ ಸಿಹಿ, ಒಂದೇ ಹದ. ಯಾರೋ ಒಬ್ಬರು ‘ಬೇಡ’ ಎನ್ನಲೇಬೇಕು. ಬ್ಯಾಂಕಿನ ಕೌಂಟರಿನಲ್ಲಿ ಕೂತು ದುಡಿದವನಿಗೆ ಉತ್ತರ ಹೊಳೆಯುವುದು ಕಷ್ಟವಲ್ಲ: ಒಬ್ಬೊಬ್ಬರಿಗೆ ಒಂದೊಂದು ಖಾತೆ. ಸ್ಪಂಜು ಎಲ್ಲರಿಗೂ ಒಂದೇ ಇರಲಿ, ಮೇಲೆ ಹಾಕುವ ಹಾಲು ಅವರವರಿಗೆ ತಕ್ಕಂತೆ ಇರಲಿ. ತಿನ್ನುವುದು ಮಾತ್ರ ಒಂದೇ ಪಂಕ್ತಿಯಲ್ಲಿ.

ಸ್ಪಂಜು ಹಾಲು ಕುಡಿಯುವುದು ಹೇಗೆ?

ಮಾಡುವ ಮೊದಲು ಇದನ್ನು ತಿಳಿದುಕೊಂಡರೆ ಕೈ ತಪ್ಪುವುದಿಲ್ಲ. ದೇವರ ದೀಪದ ಬತ್ತಿಯನ್ನು ನೋಡಿ. ಎಣ್ಣೆ ಕೆಳಗಿದೆ, ಉರಿ ಮೇಲಿದೆ. ಎಣ್ಣೆಯನ್ನು ಯಾರೂ ಎತ್ತಿ ಹಾಕುತ್ತಿಲ್ಲ. ಹತ್ತಿಯ ಎಳೆಗಳ ನಡುವಿನ ಸಣ್ಣ ಸಂದುಗಳಲ್ಲಿ ಅದು ತಾನೇ ಹತ್ತುತ್ತದೆ. ವಿಜ್ಞಾನದ ಪುಸ್ತಕದಲ್ಲಿ ಇದಕ್ಕೆ ಲೋಮನಾಳ ಕ್ರಿಯೆ ಎನ್ನುತ್ತಾರೆ. ಸ್ಪಂಜಿನ ಕೇಕಿನಲ್ಲೂ ಅಂಥ ಸಾವಿರಾರು ಸಣ್ಣ ಗೂಡುಗಳಿವೆ. ಮೊಸರಿನ ಹುಳಿಗೆ ಅಡುಗೆ ಸೋಡಾ ತಾಗಿದಾಗ ಇಂಗಾಲದ ಡೈಆಕ್ಸೈಡ್ ಅನಿಲ ಹುಟ್ಟುತ್ತದೆ. ಅದರ ಗುಳ್ಳೆಗಳು ಹಿಟ್ಟನ್ನು ಉಬ್ಬಿಸುತ್ತವೆ. ಬೆಂದ ಮೇಲೆ ಹಿಟ್ಟು ಗಟ್ಟಿಯಾಗಿ ಗುಳ್ಳೆ ಇದ್ದ ಜಾಗ ಗೂಡಾಗಿ ಉಳಿಯುತ್ತದೆ. ಹಾಲು ಹೋಗಿ ಸೇರುವುದು ಆ ಗೂಡುಗಳಿಗೇ.

ಇದರಿಂದ ಮೂರು ವಿಷಯ ಗೊತ್ತಾಗುತ್ತದೆ. ಒಂದು, ಗೂಡುಗಳಲ್ಲಿ ಮೊದಲೇ ತೇವ ತುಂಬಿದ್ದರೆ ಹಾಲಿಗೆ ಜಾಗವಿಲ್ಲ. ಆದ್ದರಿಂದ ಸ್ಪಂಜು ಪೂರ್ತಿ ಆರಿ ಸ್ವಲ್ಪ ಒಣಗಿರಬೇಕು. ಹೊಸ ಬನ್ನಿಗಿಂತ ರಸ್ಕು ಬೇಗ ಚಹಾ ಕುಡಿಯುವುದು ಇದೇ ಕಾರಣಕ್ಕೆ. ಎರಡು, ಬೆಣ್ಣೆ ಜಾಸ್ತಿ ಹಾಕಿದ ಕೇಕು ಹಾಲನ್ನು ಸುಲಭವಾಗಿ ಹೀರುವುದಿಲ್ಲ. ಜಿಡ್ಡು ಗೂಡಿನ ಗೋಡೆಗೆ ಅಂಟಿಕೊಂಡು ಹಾಲನ್ನು ತಡೆಯುತ್ತದೆ. ಅದಕ್ಕೇ ಇಲ್ಲಿ ಎಣ್ಣೆ ಮಿತವಾಗಿರಬೇಕು. ಮೂರು, ಹಾಲು ತೀರಾ ನೀರಾಗಿದ್ದರೆ ಸ್ಪಂಜು ಕರಗಿ ಮುದ್ದೆಯಾಗುತ್ತದೆ. ಮಂದವಾಗಿದ್ದರೆ ಗೂಡಿನಲ್ಲಿ ನಿಂತು, ಚಮಚ ಹಾಕಿದಾಗ ಮೆಲ್ಲಗೆ ಒಸರುತ್ತದೆ.

ಬೇಕಾಗುವ ಸಾಮಾನು (ಎಂಟು ಬಟ್ಟಲಿಗೆ)

ಬಟ್ಟಲು ತಲಾ 150 ಮಿ.ಲೀ. ಹಿಡಿಸುವಂಥದ್ದಿರಲಿ. ಪಾಯಸ ಬಡಿಸುವ ಸ್ಟೀಲ್ ಬಟ್ಟಲು ಸರಿಯಾದ ಅಳತೆ. ಚಮಚ ಎಂದಾಗ 15 ಮಿ.ಲೀ.ನ ಊಟದ ಚಮಚ ಎಂದೇ ತಿಳಿಯಿರಿ.

ಸ್ಪಂಜಿಗೆ: ಮೈದಾ 125 ಗ್ರಾಂ (ಒಂದು ಅಳತೆ ಕಪ್ಪು), ಹುಳಿಯಾಗದ ಗಟ್ಟಿ ಮೊಸರು 125 ಗ್ರಾಂ (ಅರ್ಧ ಕಪ್ಪು), ಸಕ್ಕರೆ 64 ಗ್ರಾಂ (ಸುಮಾರು 5 ಚಮಚ), ವಾಸನೆ ಇಲ್ಲದ ಅಡುಗೆ ಎಣ್ಣೆ 3 ಚಮಚ, ಹಾಲು 4ರಿಂದ 5 ಚಮಚ, ಬೇಕಿಂಗ್ ಪೌಡರ್ ಒಂದು ಟೀ ಚಮಚ, ಅಡುಗೆ ಸೋಡಾ ಕಾಲು ಟೀ ಚಮಚ, ಒಂದು ಚಿಟಿಕೆ ಉಪ್ಪು, ಏಲಕ್ಕಿ ಪುಡಿ.

ನೆನೆಸಲು: ಕೆನೆಭರಿತ ಹಾಲು ಅರ್ಧ ಲೀಟರ್, ಕಂಡೆನ್ಸ್‌ಡ್ ಮಿಲ್ಕ್ 80 ಗ್ರಾಂ (ಸುಮಾರು 4 ಚಮಚ), ಹಾಲಿನ ಕೆನೆ 3 ಚಮಚ, ಇದ್ದರೆ ನಾಲ್ಕು ಎಸಳು ಕೇಸರಿ.

ಹಾಲಿನ ಪ್ಯಾಕೆಟ್ ತರುವಾಗ ಮಕ್ಕಳು ಅದರ ಮೇಲಿನ ಅಂಕಿಗಳನ್ನು ಓದಲಿ. ಟೋನ್ಡ್ ಹಾಲಿನಲ್ಲಿ ಕೊಬ್ಬು ಶೇ 3, ಸ್ಟ್ಯಾಂಡರ್ಡೈಸ್ಡ್ ಹಾಲಿನಲ್ಲಿ ಶೇ 4.5, ಫುಲ್ ಕ್ರೀಮ್ ಹಾಲಿನಲ್ಲಿ ಶೇ 6. ನೆನೆಸಲು ಕೊನೆಯದು ಉತ್ತಮ. ಉಳಿದವೂ ಆಗುತ್ತವೆ, ಸ್ವಲ್ಪ ಹೆಚ್ಚು ಹೊತ್ತು ಕುದಿಸಬೇಕು ಅಷ್ಟೇ.

ಸ್ಪಂಜು ಮಾಡುವ ಬಗೆ

ಮೊದಲು ಇಡ್ಲಿ ಪಾತ್ರೆಯಲ್ಲಿ ನೀರು ಕುದಿಯಲು ಇಡಿ. ಇದು ಮೊದಲ ಕೆಲಸವೇ ಆಗಬೇಕು. ಸೋಡಾ ಬಿದ್ದ ಹಿಟ್ಟು ಕಾಯುವುದಿಲ್ಲ, ನೀರು ಕುದಿಯುವುದರೊಳಗೆ ಅದರ ಗುಳ್ಳೆಯೆಲ್ಲ ಹಾರಿಹೋಗಿರುತ್ತದೆ.

ಬಟ್ಟಲುಗಳ ಒಳಗೆ ತೆಳ್ಳಗೆ ಎಣ್ಣೆ ಸವರಿ. ಮೈದಾ, ಬೇಕಿಂಗ್ ಪೌಡರ್, ಸೋಡಾ, ಉಪ್ಪು ಇವನ್ನು ಎರಡು ಸಲ ಜರಡಿ ಹಿಡಿಯಿರಿ. ಈ ಕೆಲಸ ಮಕ್ಕಳಿಗೆ ಬಿಡಿ. ನಾಲ್ಕನೇ ತರಗತಿಯ ನಮ್ಮ ಮೊಮ್ಮಗನಿಗೆ ಇದು ಮಳೆ ಸುರಿಸುವ ಆಟ. ಇನ್ನೊಂದು ಪಾತ್ರೆಯಲ್ಲಿ ಮೊಸರು, ಸಕ್ಕರೆ ಹಾಕಿ ಸಕ್ಕರೆ ಕರಗುವವರೆಗೆ ಕದಡಿ. ಎಣ್ಣೆ, ಏಲಕ್ಕಿ ಸೇರಿಸಿ. ಈಗ ಜರಡಿ ಹಿಡಿದ ಹಿಟ್ಟನ್ನು ಎರಡು ಸಲವಾಗಿ ಹಾಕಿ, ಹಾಲನ್ನು ಸ್ವಲ್ಪ ಸ್ವಲ್ಪವೇ ಬೆರೆಸುತ್ತಾ ಹಗುರ ಕೈಯಿಂದ ಕಲಸಿ. ಹದ ಇಡ್ಲಿ ಹಿಟ್ಟಿನಂತಿರಲಿ. ಒಣ ಹಿಟ್ಟು ಕಾಣದಂತಾದ ಕೂಡಲೇ ನಿಲ್ಲಿಸಿ. ಬಹಳ ತಿರುವಿದರೆ ಮೈದಾದ ಅಂಟು ಎದ್ದು ಸ್ಪಂಜು ರಬ್ಬರಿನಂತಾಗುತ್ತದೆ.

ಬಟ್ಟಲಿನ ಮೂರನೇ ಒಂದು ಭಾಗದಷ್ಟು ಮಾತ್ರ ಹಿಟ್ಟು ಹಾಕಿ. ಅದು ಉಬ್ಬಲು ಜಾಗ ಬೇಕು, ಆಮೇಲೆ ಹಾಲಿಗೂ ಜಾಗ ಬೇಕು. ಪಾತ್ರೆಯ ಮುಚ್ಚಳಕ್ಕೆ ಒಂದು ತೆಳು ಬಟ್ಟೆ ಕಟ್ಟಿ, ಇಲ್ಲದಿದ್ದರೆ ಹಬೆಯ ಹನಿ ಸ್ಪಂಜಿನ ಮೇಲೆ ತೊಟ್ಟಿಕ್ಕುತ್ತದೆ. ಬಟ್ಟೆಯ ತುದಿ ಬೆಂಕಿಗೆ ಇಳಿಬೀಳದಂತೆ ಮೇಲಕ್ಕೆ ಗಂಟು ಹಾಕಿ. ಮಧ್ಯಮ ಉರಿಯಲ್ಲಿ 15 ನಿಮಿಷ ಬೇಯಿಸಿ. ತೆಂಗಿನ ಗರಿಯ ಶುದ್ಧ ಕಡ್ಡಿ ಚುಚ್ಚಿ ನೋಡಿ. ಹಿಟ್ಟು ಅಂಟದೆ ಬಂದರೆ ಬೆಂದಿದೆ. ಎಂಟೂ ಬಟ್ಟಲು ಒಮ್ಮೆಗೇ ಹಿಡಿಸದಿದ್ದರೆ ಸಾಮಾನನ್ನು ಎರಡು ಪಾಲು ಮಾಡಿಕೊಂಡು, ಎರಡನೇ ಪಾಲಿನ ಹಿಟ್ಟನ್ನು ಆಮೇಲೆಯೇ ಕಲಸಿ.

ಓವನ್ ಇದ್ದವರು, ಓವನಿನ ಬಿಸಿ ತಡೆಯುವ ಬಟ್ಟಲುಗಳಲ್ಲಿ, ಮೊದಲೇ ಕಾಯಿಸಿದ 180 ಡಿಗ್ರಿ ಸೆಲ್ಸಿಯಸ್‌ನಲ್ಲಿ 18ರಿಂದ 20 ನಿಮಿಷ ಬೇಯಿಸಬಹುದು. ಆದರೆ ಹಲ್ಲಿಲ್ಲದವರಿಗೆ ಹಬೆಯದ್ದೇ ಒಳ್ಳೆಯದು. ಓವನಿನ ಕೇಕಿಗೆ ಮೇಲೆ ಕಂದು ಬಣ್ಣದ ಗಟ್ಟಿ ಪದರ ಬರುತ್ತದೆ, ಹಬೆಯಲ್ಲಿ ಬೆಂದದ್ದು ಇಡ್ಲಿಯಂತೆ ಪೂರ್ತಿ ಮೆತ್ತಗಿರುತ್ತದೆ.

ಬೆಂದ ಬಟ್ಟಲುಗಳನ್ನು ಹೊರಗೆ ತೆಗೆದು, ನೊಣ ಕೂರದಂತೆ ತೆಳು ಬಟ್ಟೆ ಹೊದಿಸಿ ಒಂದೂವರೆ ಗಂಟೆ ಆರಲು ಬಿಡಿ. ಮಳೆಗಾಲದಲ್ಲಿ ನಮ್ಮೂರ ಗಾಳಿಯಲ್ಲೇ ತೇವ ಇರುವುದರಿಂದ ಫ್ಯಾನಿನ ಕೆಳಗಿಡುವುದು ಮೇಲು.

ಹಾಲು ಇಂಗಿಸುವುದು

ಈ ಕೆಲಸ ದೊಡ್ಡವರದ್ದು. ಮಕ್ಕಳು ದೂರ ನಿಂತು ನೋಡಲಿ. ದಪ್ಪ ತಳದ ಅಗಲ ಪಾತ್ರೆ ತೆಗೆದುಕೊಳ್ಳಿ. ಮೊದಲು ಅದಕ್ಕೆ 350 ಮಿ.ಲೀ. ನೀರು ಹಾಕಿ, ಮರದ ಸೌಟಿನ ಹಿಡಿಯನ್ನು ನೆಟ್ಟಗೆ ನಿಲ್ಲಿಸಿ, ನೀರು ಎಲ್ಲಿಯವರೆಗೆ ತಾಗಿತೋ ಅಲ್ಲಿ ಚಾಕುವಿನಿಂದ ಸಣ್ಣ ಗೀರು ಮಾಡಿಕೊಳ್ಳಿ. ನೀರು ಚೆಲ್ಲಿ ಅರ್ಧ ಲೀಟರ್ ಹಾಲು ಸುರಿಯಿರಿ. ಸಣ್ಣ ಉರಿಯಲ್ಲಿ ಆಗಾಗ ತಿರುವುತ್ತಾ ಕುದಿಸಿ. ಹಾಲು ಆ ಗೀರಿಗೆ ಇಳಿದಾಗ 150 ಮಿ.ಲೀ. ನೀರು ಆವಿಯಾಗಿದೆ ಎಂದು ಲೆಕ್ಕ.

ಹಾಲು ಯಾಕೆ ಉಕ್ಕುತ್ತದೆ, ನೀರು ಯಾಕೆ ಹಾಗೆ ಉಕ್ಕುವುದಿಲ್ಲ ಎಂದು ಮಕ್ಕಳು ಕೇಳುತ್ತಾರೆ. ಹಾಲು ಕಾದಾಗ ಅದರ ಪ್ರೋಟೀನು, ಕೊಬ್ಬು ಸೇರಿ ಮೇಲೆ ಪದರವಾಗುತ್ತದೆ. ಕೆಳಗಿನ ಹಬೆಗೆ ಹೊರಬರಲು ದಾರಿ ಸಿಗದೆ ಅದು ಪದರವನ್ನೇ ಎತ್ತಿಕೊಂಡು ಮೇಲೇಳುತ್ತದೆ. ಸೌಟಾಡಿಸುತ್ತಿದ್ದರೆ ಪದರ ಕಟ್ಟುವುದಿಲ್ಲ, ಹಬೆಗೆ ದಾರಿ ಇರುತ್ತದೆ.

ಹಾಲು ಉಗುರು ಬೆಚ್ಚಗಾದ ಮೇಲೆ ಪಾಲು ಮಾಡಿ. ಸಕ್ಕರೆ ಕಾಯಿಲೆಯ ಇಬ್ಬರಿಗೆ 100 ಮಿ.ಲೀ. ಸಪ್ಪೆ ಹಾಲನ್ನು ಬೇರೆ ತೆಗೆದಿಡಿ. ಉಳಿದ 250 ಮಿ.ಲೀ.ಗೆ ಕಂಡೆನ್ಸ್‌ಡ್ ಮಿಲ್ಕ್, ಸೋಸಿದ ಕೆನೆ, ಕೇಸರಿ ಬೆರೆಸಿ. ಇದು ಆರು ಬಟ್ಟಲಿಗೆ, ತಲಾ ಸುಮಾರು 60 ಮಿ.ಲೀ.

ನೆನೆಸುವ ಹದ

ಆರಿದ ಸ್ಪಂಜಿಗೆ ಫೋರ್ಕಿನಿಂದ ಹತ್ತು ಹನ್ನೆರಡು ಕಡೆ ತಳದವರೆಗೆ ಚುಚ್ಚಿ. ಹಾಲನ್ನು ಒಮ್ಮೆಗೇ ಸುರಿಯಬೇಡಿ. ಸಾಲ ತೀರಿಸುವಂತೆ ಮೂರು ಕಂತಿನಲ್ಲಿ ಹಾಕಿ, ಕಂತಿಗೂ ಕಂತಿಗೂ ಹತ್ತು ನಿಮಿಷ ಬಿಡುವು ಕೊಡಿ. ಮೊದಲ ಕಂತು ಮಾಯವಾಗುವುದನ್ನು ನೋಡುವುದೇ ಮಕ್ಕಳಿಗೆ ಸಂತೋಷ. ನಮ್ಮ ಮೊಮ್ಮಗಳು ಅಡುಗೆ ಮನೆಯ ತಕ್ಕಡಿಯಲ್ಲಿ ಬಟ್ಟಲನ್ನು ನೆನೆಸುವ ಮೊದಲು ಒಮ್ಮೆ, ನೆನೆಸಿದ ಮೇಲೆ ಒಮ್ಮೆ ತೂಗಿ ನೋಟ್ ಪುಸ್ತಕದಲ್ಲಿ ಬರೆದಿಡುತ್ತಾಳೆ. ಸ್ಪಂಜು ತನ್ನ ತೂಕದಷ್ಟೇ, ಕೆಲವು ಸಲ ಅದಕ್ಕಿಂತ ಹೆಚ್ಚು ಹಾಲು ಕುಡಿಯುತ್ತದೆ.

ಇಲ್ಲಿಂದ ಬಟ್ಟಲುಗಳ ದಾರಿ ಬೇರೆ ಬೇರೆ. ಮಕ್ಕಳ ಬಟ್ಟಲಿನ ಮೇಲೆ ತೆಳ್ಳಗೆ ಹೆಚ್ಚಿದ ಬಾದಾಮಿ, ಪಿಸ್ತಾ. (ತೀರಾ ಚಿಕ್ಕ ಮಕ್ಕಳಿದ್ದರೆ ಅದೂ ಬೇಡ, ಗಂಟಲಿಗೆ ಸಿಕ್ಕಬಹುದು.) ನನ್ನದಕ್ಕೂ ಮನೆಯವಳದ್ದಕ್ಕೂ ಸಪ್ಪೆ ಹಾಲು, ಮೇಲೆ ಸ್ವಲ್ಪ ಜಾಯಿಕಾಯಿ ತೇದದ್ದು. ಅಕ್ಕನ ಬಟ್ಟಲಿಗೆ ಸಿಹಿ ಹಾಲೇ, ಅದೂ ಎರಡು ಚಮಚ ಹೆಚ್ಚು. ಬಾದಾಮಿಯ ಚೂರು ಇಲ್ಲ, ಬೀಜ ಇಲ್ಲ, ಕೇಸರಿಯ ಬಣ್ಣ ಮಾತ್ರ. ಉಳಿದವರದ್ದು ಫ್ರಿಜ್ಜಿನಲ್ಲಿ ಎರಡು ಮೂರು ಗಂಟೆ ತಣ್ಣಗಾಗುತ್ತದೆ. ಅಕ್ಕನದ್ದನ್ನು ತಿನ್ನುವ ಅರ್ಧ ಗಂಟೆ ಮೊದಲೇ ಹೊರಗೆ ತೆಗೆದಿಡುತ್ತೇವೆ, ತೀರಾ ತಂಪು ಅವಳ ವಸಡಿಗೆ ಆಗುವುದಿಲ್ಲ.

ಒಂದು ಎಚ್ಚರಿಕೆ. ಪಾರ್ಶ್ವವಾಯು ಮುಂತಾದ ಕಾಯಿಲೆಯಿಂದ ನುಂಗಲು ತೊಂದರೆ ಇರುವ ಹಿರಿಯರಿಗೆ ವೈದ್ಯರನ್ನು ಕೇಳದೆ ಇಂಥ ನೆನೆಸಿದ ತಿಂಡಿ ಕೊಡಬೇಡಿ. ಹಲ್ಲಿಲ್ಲದಿರುವುದು ಬೇರೆ, ಗಂಟಲಲ್ಲಿ ಇಳಿಯದಿರುವುದು ಬೇರೆ.

ಸಕ್ಕರೆಯ ಜಮಾ ಖರ್ಚು

ಬಿ.ಕಾಂ. ಓದಿದವನು ಅಡುಗೆ ಮನೆಗೆ ಬಂದರೆ ಲೆಕ್ಕವೂ ಜೊತೆಗೆ ಬರುತ್ತದೆ. ಸ್ಪಂಜಿಗೆ ಹಾಕಿದ ಸಕ್ಕರೆ 64 ಗ್ರಾಂ. ಎಂಟರಿಂದ ಭಾಗಿಸಿದರೆ ಬಟ್ಟಲಿಗೆ 8 ಗ್ರಾಂ. ಕಂಡೆನ್ಸ್‌ಡ್ ಮಿಲ್ಕಿನಲ್ಲಿ ಸೇರಿಸಿದ ಸಕ್ಕರೆ ಶೇ 40ಕ್ಕಿಂತ ಹೆಚ್ಚೇ ಇರುತ್ತದೆ. 80 ಗ್ರಾಂ ಆರು ಬಟ್ಟಲಿಗೆ ಹಂಚಿದಾಗ ತಲಾ ಸುಮಾರು 6 ಗ್ರಾಂ. ಸಿಹಿ ಬಟ್ಟಲಿನಲ್ಲಿ ಒಟ್ಟು 14 ಗ್ರಾಂ, ಸಪ್ಪೆ ಬಟ್ಟಲಿನಲ್ಲಿ 8 ಗ್ರಾಂ.

ವಿಶ್ವ ಆರೋಗ್ಯ ಸಂಸ್ಥೆ 2015ರಲ್ಲಿ ಕೊಟ್ಟ ಸಲಹೆ ಹೀಗಿದೆ: ದಿನದ ಒಟ್ಟು ಶಕ್ತಿಯಲ್ಲಿ ಸೇರಿಸಿದ ಸಕ್ಕರೆಯ ಪಾಲು ಶೇ 10ಕ್ಕಿಂತ ಕಡಿಮೆ ಇರಬೇಕು, ಶೇ 5ಕ್ಕಿಂತ ಕಡಿಮೆಯಾದರೆ ಇನ್ನೂ ಒಳ್ಳೆಯದು. ಶೇ 5 ಎಂದರೆ ದೊಡ್ಡವರಿಗೆ ದಿನಕ್ಕೆ ಸುಮಾರು 25 ಗ್ರಾಂ, ಅಂದರೆ ಆರು ಟೀ ಚಮಚ. ಆ ಲೆಕ್ಕದಲ್ಲಿ ಒಂದು ಸಿಹಿ ಬಟ್ಟಲು ಅರ್ಧಕ್ಕೂ ಹೆಚ್ಚನ್ನು ಮುಗಿಸುತ್ತದೆ. ಹಾಗಾಗಿ ನಮ್ಮ ಮನೆಯಲ್ಲಿ ಇದು ದಿನದ ತಿಂಡಿಯಲ್ಲ, ತಿಂಗಳಿಗೊಮ್ಮೆಯ ತಿಂಡಿ. ಸಕ್ಕರೆ ಕಾಯಿಲೆಯವರು ಸಪ್ಪೆ ಬಟ್ಟಲು ಎಂದು ಮೈಮರೆಯುವಂತಿಲ್ಲ. ಮೈದಾ ಕೂಡ ರಕ್ತದಲ್ಲಿ ಸಕ್ಕರೆಯಾಗುತ್ತದೆ, ಹಾಲಿನಲ್ಲೂ ಅದರದ್ದೇ ಸಹಜ ಸಕ್ಕರೆ ಇದೆ. ನಾನು ಅರ್ಧ ಬಟ್ಟಲು ತಿಂದು ಆ ರಾತ್ರಿ ಒಂದು ಚಪಾತಿ ಕಡಿಮೆ ಮಾಡುತ್ತೇನೆ. ನಿಮ್ಮ ಲೆಕ್ಕವನ್ನು ನಿಮ್ಮ ವೈದ್ಯರ ಹತ್ತಿರ ಕೇಳಿಕೊಳ್ಳಿ.

ಪ್ರತ್ಯೇಕ ಬಟ್ಟಲಿನ ದೊಡ್ಡ ಅನುಕೂಲ ಇದೇ. ಕೇಕು ಕತ್ತರಿಸಿದಾಗ ‘ಇನ್ನೊಂದು ಚೂರು’ ಎನ್ನುವ ಆಸೆಗೆ ಲೆಕ್ಕವಿರುವುದಿಲ್ಲ. ಬಟ್ಟಲಿಗೆ ತಳ ಇದೆ.

ಪಂಕ್ತಿ

ಮೊದಲ ಸಲ ಮಾಡಿದ ದಿನ ಮೊಮ್ಮಗ ಚೀಟಿಗಳಲ್ಲಿ ಹೆಸರು ಬರೆದು ಒಂದೊಂದು ಬಟ್ಟಲಿನ ಕೆಳಗೆ ಇಟ್ಟಿದ್ದ. ಅಜ್ಜ, ಅಜ್ಜಿ, ಅಪ್ಪ, ಅಮ್ಮ, ಅಕ್ಕ, ನಾನು, ದೊಡ್ಡಜ್ಜಿ. ಅಕ್ಕ ಎಂದಿನಂತೆ ಅಡುಗೆ ಮನೆಯ ಬಾಗಿಲಲ್ಲಿ ನಿಂತು “ನಂಗೆ...” ಎಂದು ಶುರು ಮಾಡಿದಳು. ಮೊಮ್ಮಗ ಅವಳ ಕೈ ಹಿಡಿದು ಚೀಟಿ ತೋರಿಸಿದ. ತನ್ನ ಹೆಸರು ಬರೆದ ಬಟ್ಟಲನ್ನು ಬೇಡ ಎನ್ನುವುದು ಕಷ್ಟ. ಅವಳು ನಮ್ಮ ನಡುವೆ ಕೂತಳು.

ಮೊದಲ ಚಮಚ ಬಾಯಿಗಿಟ್ಟು ಸ್ವಲ್ಪ ಹೊತ್ತು ಹಾಗೇ ಇಟ್ಟುಕೊಂಡಳು. ಅಗಿಯಲಿಲ್ಲ, ಅಗಿಯುವ ಅಗತ್ಯವೂ ಇರಲಿಲ್ಲ. ಆಮೇಲೆ ನನ್ನ ಕಡೆ ತಿರುಗಿ, “ನಿಂಗೆ ಟೈಫಾಯಿಡ್ ಆದಾಗ ನಾನು ಬನ್ನು ಅದ್ದಿ ತಿನ್ನಿಸ್ತಿದ್ನಲ್ಲೋ, ಹಾಗೇ ಇದೆ ಕಣೋ” ಎಂದಳು. ಆಗ ನನಗೆ ಏಳೋ ಎಂಟೋ ವರ್ಷ, ಅವಳು ಹೈಸ್ಕೂಲು ಹುಡುಗಿ. ಮಕ್ಕಳಿಗೆ ಆ ಕಥೆ ಗೊತ್ತಿರಲಿಲ್ಲ. ಅವತ್ತು ಅಕ್ಕ ಬಟ್ಟಲು ಖಾಲಿ ಮಾಡುವವರೆಗೂ ಕಥೆ ಹೇಳಿದಳು, ಖಾಲಿಯಾದ ಮೇಲೂ ಹೇಳಿದಳು.

ಅದಾದ ಮೇಲೆ ಅವಳ ‘ಬೇಡ’ ಪೂರ್ತಿ ಹೋಗಿದೆ ಎಂದೇನಲ್ಲ. ಚಕ್ಕುಲಿ ಈಗಲೂ ಬೇಡವೇ. ಆದರೆ ಹಲ್ಲಿನ ಡಾಕ್ಟರ ಹತ್ತಿರ ಹೋಗಿ ಸೆಟ್ಟಿನ ಒಳಮೈ ಸರಿಮಾಡಿಸಿಕೊಂಡು ಬರಲು ಒಪ್ಪಿದ್ದಾಳೆ. ಹೀಗೆ ಸಡಿಲವಾದ ಸೆಟ್ಟಿಗೆ ಹೊಸ ಒಳಪದರ ಹಾಕಿ ಬಿಗಿ ಮಾಡಬಹುದು ಎಂಬುದು ಹಲವು ಹಿರಿಯರಿಗೆ ಗೊತ್ತಿರುವುದಿಲ್ಲ, ನೋವು ಸಹಿಸಿಕೊಂಡೇ ಇರುತ್ತಾರೆ.

ಇನ್ನು ಕೆಲವು ಮಾತು

ಮೊಟ್ಟೆ ತಿನ್ನುವ ಮನೆಯವರು ಮೊಸರು, ಸೋಡಾ, ಎಣ್ಣೆ ಬಿಟ್ಟು ಬೇರೆ ರೀತಿಯಲ್ಲೂ ಮಾಡಬಹುದು. ಎರಡು ಮೊಟ್ಟೆಗೆ 60 ಗ್ರಾಂ ಸಕ್ಕರೆ ಹಾಕಿ ನೊರೆ ದಪ್ಪವಾಗಿ ಬೆಳ್ಳಗಾಗುವವರೆಗೆ ಕಡೆದು, 60 ಗ್ರಾಂ ಮೈದಾವನ್ನು ಮೆಲ್ಲಗೆ ಬೆರೆಸಿದರೆ ಆರು ಬಟ್ಟಲಿನ ಸ್ಪಂಜು ಆಗುತ್ತದೆ. ಅಲ್ಲಿ ಉಬ್ಬಿಸುವುದು ನೊರೆಯಲ್ಲಿ ಸಿಕ್ಕ ಗಾಳಿ. ಹಸುವಿನ ಹಾಲು ಒಗ್ಗದವರು ದಪ್ಪ ಕಾಯಿಹಾಲಿಗೆ ಬೆಲ್ಲ ಕರಗಿಸಿ ಹಾಕಬಹುದು. ಆಗ ಸ್ಪಂಜಿಗೆ ಮೊಸರಿನ ಬದಲು ನೀರಿಗೆ ಒಂದು ಚಮಚ ನಿಂಬೆರಸ ಬೆರೆಸಿ ಕಲಸಿ, ಹಾಲಿನ ಬದಲು ಕಾಯಿಹಾಲು ಬಳಸಿ. ಬಾಯಿಗೆ ಇಟ್ಟರೆ ನಮ್ಮ ಶ್ಯಾವಿಗೆಯ ನೆನಪಾಗುತ್ತದೆ.

ನೆನೆಸಿದ ಬಟ್ಟಲುಗಳನ್ನು ಮುಚ್ಚಿ ಫ್ರಿಜ್ಜಿನಲ್ಲಿಟ್ಟರೆ ಮರುದಿನದವರೆಗೆ ಚೆನ್ನಾಗಿರುತ್ತವೆ. ಫ್ರಿಜ್ ಇಲ್ಲದಿದ್ದರೆ, ಅಥವಾ ಮಳೆಗೆ ಕರೆಂಟು ಹೋಗಿ ಕೂತಿದ್ದರೆ, ನೆನೆಸಿದ ಎರಡು ಗಂಟೆಯೊಳಗೆ ತಿಂದು ಮುಗಿಸಿ. ಸ್ಪಂಜನ್ನು ಮಾತ್ರ ಹಿಂದಿನ ದಿನವೇ ಮಾಡಿಟ್ಟುಕೊಳ್ಳಬಹುದು.

ಮಕ್ಕಳೇ, ನಿಮ್ಮ ಮನೆಯಲ್ಲೂ ‘ನಂಗೆ ಬೇಡ’ ಎನ್ನುವ ಅಜ್ಜಿಯೋ ಅಜ್ಜನೋ ಇದ್ದರೆ, ಬೇಡವೋ ಆಗುವುದಿಲ್ಲವೋ ಎಂದು ಒಮ್ಮೆ ಕೇಳಿ ನೋಡಿ. ಅಜ್ಜ ಅಜ್ಜಿಯರೇ, ಮಕ್ಕಳು ಕೇಳಿದಾಗ ನಿಜ ಹೇಳಿ. ಹಲ್ಲು ನೋವು ಎಂದರೆ ಯಾರೂ ನಗುವುದಿಲ್ಲ.

ನಮ್ಮ ಮನೆಯಲ್ಲಿ ಏಳು ಜನ, ಬಟ್ಟಲು ಎಂಟು. ಎಂಟನೆಯದು ಪಕ್ಕದ ಮನೆಗೆ ಹೋಗುತ್ತದೆ. ಅದು ಇದುವರೆಗೆ ಒಮ್ಮೆಯೂ ಖಾಲಿಯಾಗಿ ವಾಪಸು ಬಂದಿಲ್ಲ. ಕಳೆದ ಸಲ ಅದರಲ್ಲಿ ಉಪ್ಪಿನಕಾಯಿ ಮಿಡಿ ಬಂದಿತ್ತು.